ಅಕ್ಷರ ಬಿದ್ದ ಸಾರು

ಶಾವಿಗೆಗೆಂದು ಹೋದವಳು ನಾನು.
ಕಪಾಟಿನ ತುದಿಗೆ ಒಂದೇ ಪೊಟ್ಟಣ ಉಳಿದಿತ್ತು, ಅರ್ಧ ಬೆಲೆಗೆ,
ಮೇಲೆ ನಗುವ ಮೊಲದ ಚಿತ್ರ, ಒಳಗೆ
ಕಿರುಬೆರಳ ಉಗುರಿನಷ್ಟು ಇಂಗ್ಲಿಷ್ ಅಕ್ಷರಗಳು, ಪಾಸ್ತಾದವು.
ಕಾರಿನಲ್ಲಿ ಕೂತ ಮೇಲೆ ಹೊಳೆಯಿತು
ಯಾರಿಗೆ ಒಯ್ಯುತ್ತಿದ್ದೇನೆ ಎಂಬುದು.

ಬ್ಯಾಲರಾಟಿನ ಜುಲೈ. ಐದಕ್ಕೆಲ್ಲ ದೀಪ.
ಎಣ್ಣೆ ಕಾಯಿತು. ಉಳ್ಳಾಗಡ್ಡಿ ಮೊದಲು.
ಆಮೇಲೆ ಲೀಕು: ಹೊರಗೆ ಮಡಿ ಸೀರೆಯಷ್ಟು ಶುಭ್ರ,
ಸೀಳಿದರೆ ಪದರ ಪದರಕ್ಕೂ ಮಣ್ಣು.
ಮೂರು ನೀರಲ್ಲಿ ತೊಳೆದೆ.
ಗಜ್ಜರಿ, ಸೆಲರಿ, ಒಂದು ದೊಡ್ಡ ಬಟಾಟಿ,
ಡಬ್ಬಿಯ ಟೊಮೆಟೊ, ಡಬ್ಬಿ ಗಲಬರಿಸಿದ ನೀರೂ.
ಪಲಾವಿನ ಎಲೆ ಎರಡು. ಎಣಿಸಿಯೇ ಹಾಕಿದೆ
ಎಣಿಸಿಯೇ ತೆಗೆಯಬೇಕಲ್ಲ,
ನುಂಗುವ ಗಂಟಲು ಈಗ ಯಾರನ್ನೂ ನಂಬುವುದಿಲ್ಲ.

ತಿಳಿಯಾದದ್ದು ಬೇಡ, ಗಟ್ಟಿಯೂ ಬೇಡ, ನಡುವಿನದು ಕೊಡಿ,
ಎಂದಿದ್ದಳು ಬ್ರಾನ್ವಿನ್, ಮಾತು ಕಲಿಸಲು ಬರುವವಳು.
ಒಳ್ಳೆಯ ಹುಡುಗಿ. ಮಂಗಳವಾರ, ಶುಕ್ರವಾರ
ಮೇಜಿನ ಮೇಲೆ ಕಾರ್ಡು ಹರಡುತ್ತಾಳೆ:
ಬೆಕ್ಕು. ಬಾಗಿಲು. ಬಸ್ಸು.
ನೀಲ್, ಇದು ಏನು, ಹೇಳಿ ನೋಡೋಣ?
ಹತ್ತೊಂಬತ್ತು ವರ್ಷ ಸೆಬಾಸ್ಟಪೋಲಿನ ಬಸ್ಸು ಓಡಿಸಿದವರು
ಬಸ್ಸಿನ ಚಿತ್ರ ನೋಡುತ್ತಾರೆ,
ಕಿಟಕಿ ನೋಡುತ್ತಾರೆ.

ಬಟಾಟಿ ಅಲ್ಲೇ ಅರ್ಧ ಮಸೆದೆ. ಸಾರು ಮಂದವಾಯಿತು.
ಪೊಟ್ಟಣ ಕತ್ತರಿಸಿದೆ. ಮುಚ್ಚಿಟ್ಟೆ. ಮತ್ತೆ ತೆಗೆದೆ.
ಕಾರ್ಡು ಸಾಲದೆಂದು ತಾಟಿನಲ್ಲೂ ಪಾಠವೆ,
ಎಂದುಕೊಂಡಾರೇ?
ಏಳು ನಿಮಿಷ ಬೇಯಿಸಿ ಎಂದು ಬರೆದಿತ್ತು.
ಹದಿನೈದು ಬೇಯಿಸಿದೆ,
ಗುರುತು ಉಳಿಯದ ಹಾಗೆ ಕರಗಿ ಹೋಗಲೆಂದು.
ಕರಗಲಿಲ್ಲ. ಉಬ್ಬಿದವು.
ಚಾಳೀಸಿಲ್ಲದೆ ಓದುವಷ್ಟು ದೊಡ್ಡವಾದವು.

ಕಡೆಗೆ ಒಗ್ಗರಣೆ. ಬೇಡವಾಗಿತ್ತು, ಗೊತ್ತು,
ಈ ಅಡುಗೆಗೆ ಅದರ ಹಂಗಿಲ್ಲ.
ಕೈ ಕೇಳಬೇಕಲ್ಲ. ಒಂದೇ ಚಿಟಿಕೆ ಸಾಸಿವೆ,
ಚಟಪಟ ಎರಡೇ ಕ್ಷಣ; ಮನೆ ಮನೆಯಾಯಿತು.

ಬಿಸಿ ಐತ್ರಿ, ಸಾವಕಾಶ, ಅಂದೆ.
ಎಡಗೈಯಲ್ಲಿ ಚಮಚ, ಗದ್ದ ಎದೆಗೆ, ಗುಟುಕು.
ಮತ್ತೆ ಗದ್ದ ಎದೆಗೆ, ಗುಟುಕು.
ಐದನೆಯದಕ್ಕೆ ನಿಂತರು.
ಚಮಚದ ತುದಿಯಿಂದ ಏನನ್ನೋ ಎಳೆದು
ಬಟ್ಟಲಿನ ಅಂಚಿಗೆ ತಂದರು, ಬಿತ್ತು,
ಮತ್ತೆ ತಂದರು.
ಇಂಗ್ಲಿಷಿನ ಒಂದು ಓ. ನೀರು ಕುಡಿದು ದುಂಡಗೆ.
ಅದರ ನಡು ಮಧ್ಯೆ ಸಿಕ್ಕಿಕೊಂಡು ಒಂದು ಸಾಸಿವೆ.

ಠ, ಅಂದರು.

ಕೆಮ್ಮೆಂದುಕೊಂಡು ಬೆನ್ನು ತಟ್ಟಲು ಎದ್ದೆ.
ಠ. ನಾಲಿಗೆ ಹಿಂದಕ್ಕೆ ಮಡಿಸಿ, ಉಸಿರು ಕೂಡಿಸಿ,
ಮಾಸ್ತರರ ಮುಂದೆ ನಿಂತಂತೆ.
ಹೌದ್ರಿ, ಠ, ಅಂದೆ. ಠಸ್ಸೆಯ ಠ.
ಅಲ್ಲ, ಎಂದು ತಲೆ ಅಲ್ಲಾಡಿಸಿದರು,
ಸಿಟ್ಟಿನಿಂದ. ನಾಲ್ಕು ತಿಂಗಳಲ್ಲಿ
ಸಿಟ್ಟೂ ಇವರಿಗೆ ಇಷ್ಟು ಸ್ಪಷ್ಟ ಬಂದಿರಲಿಲ್ಲ.
ಎಡಗೈ ಎತ್ತಿ ಎದೆ ಬಡಿದುಕೊಂಡರು.
ಠ. ಠ.

ಡಿಪೋದವರಿಗೆ ನಾಲಿಗೆ ಹೊರಳದೆ
ಮೊದಲ ವಾರವೇ ಕತ್ತರಿಸಿ ಬಿಟ್ಟ ತುದಿ.
ಅಂಗಿಯ ಜೇಬಿನ ಮೇಲೆ ಹೊಲಿದದ್ದು, ಆಸ್ಪತ್ರೆಯ ಪಟ್ಟಿಯಲ್ಲಿ
ಮಣಿಕಟ್ಟಿಗೆ ಸುತ್ತಿದ್ದು, ಎಲ್ಲ ಉಳಿದರ್ಧ.

ನಾನು ಇವರ ಹೆಸರು ಹಿಡಿದು ಕರೆದವಳಲ್ಲ.
ಒಡಪು ಕಟ್ಟಿ ಒಮ್ಮೆ ಹೇಳಿದ್ದೆ, ಗದಗಿನಲ್ಲಿ,
ನೆರೆದ ಹೆಂಗಸರು ಬಾಗಿಲಿಗೆ ಅಡ್ಡ ನಿಂತಾಗ.
ಪ್ರಾಸ ಈಗ ನೆನಪಿಲ್ಲ. ಹಾಗೇ ಹೇಳಿದೆ:
ನೀಲಕಂಠ.

ಹೂಂ, ಅಂದರು. ಮತ್ತೆ ಉಣ್ಣತೊಡಗಿದರು.
ಆ ಓ ಅನ್ನೂ ನುಂಗಿಬಿಟ್ಟರು, ಸಾಸಿವೆ ಸಮೇತ,
ಗದ್ದ ಎದೆಗೊತ್ತಿ, ಕೆಮ್ಮಿಲ್ಲದೆ.

ಉಳಿದದ್ದು ರಾತ್ರಿಯೆಲ್ಲ ನೀರು ಹೀರಿ
ಬೆಳಿಗ್ಗೆ ಮುದ್ದೆಯಾಗಿತ್ತು; ಯಾವ ಅಕ್ಷರ
ಯಾವುದೆಂದು ನನಗೂ ತಿಳಿಯಲಿಲ್ಲ.
ಬಿಸಿನೀರು ಬೆರೆಸಿ, ಉಪ್ಪು ನೋಡಿ,
ಅದನ್ನೇ ಉಂಡೆವು.