ಗಂಟೆ ಈಗಲೇ ಒಯ್ಯಬೇಡಿ

ಹತ್ತು ಸಾವಿರ ಮೀಟರ್ ಅಂದರೆ ಇಪ್ಪತ್ತೈದು ಸುತ್ತು.
ನನ್ನ ಕೆಲಸ ಇಷ್ಟೇ, ಎಣಿಸುವುದು.
ಮಡಿಲಲ್ಲಿ ರಟ್ಟು, ರಟ್ಟಿನ ಮೇಲೆ ಹಾಳೆ,
ಹಾಳೆಯಲ್ಲಿ ಮೂವರು ಹುಡುಗಿಯರ ನಂಬರು,
ಗೆರೆ ದಾಟಿದಾಗಲೆಲ್ಲ ಒಂದು ಗೀಟು.
ನಾಲ್ಕು ಗೀಟು ನಿಂತ ಮೇಲೆ ಐದನೆಯದು ಅಡ್ಡ ಬೀಳುತ್ತದೆ
ಕಬ್ಬಿನ ಹೊರೆಗೆ ಸೋಗೆಯ ಕಟ್ಟು ಬಿಗಿದ ಹಾಗೆ.

ಬೆಳಿಗ್ಗೆ ಆರಕ್ಕೇ ಓಟ ಇಡಿ ಎಂದು ಬರೆದುಕೊಟ್ಟಿದ್ದೆವು.
ಉದ್ಘಾಟಿಸುವವರು ಬಂದದ್ದು ಒಂಬತ್ತಕ್ಕೆ.
ಈಗ ಚಾಮುಂಡಿ ವಿಹಾರದ ಕೆಂಪು ಟ್ರ್ಯಾಕು
ಕಾದ ರಬ್ಬರಿನ ವಾಸನೆ ಬಿಡುತ್ತಿದೆ.
ಬೆಟ್ಟ ಅಲ್ಲೇ ಇದೆ, ನೋಡಲು ಪುರುಸೊತ್ತಿಲ್ಲ.
ತಲೆ ಎತ್ತಿದರೆ ಗೀಟು ತಪ್ಪುತ್ತದೆ.

ತಪ್ಪಿದ ಗೀಟಿನ ಬೆಲೆ ನನಗೆ ಗೊತ್ತು.

ಮಂಡ್ಯದ ಸಕ್ಕರೆ ಕಾರ್ಖಾನೆಯಲ್ಲಿ ಅಪ್ಪ ತೂಕದ ಮನೆಯಲ್ಲಿದ್ದ.
ಹಗಲೆಲ್ಲ ಗಾಡಿ ಎಣಿಸಿ ಬಂದು
ರಾತ್ರಿ ಮುದ್ದೆಯ ತುತ್ತನ್ನೂ ಎಣಿಸುತ್ತಿದ್ದ.
"ತೂಕ್ದಲ್ಲಿ ಮೋಸ ಮಾಡ್ದೋನು ಸಿಕ್ಕಾಕತಾನೆ ಕಣವ್ವ,
ಎಣಿಕೇಲಿ ಮೈಮರ್ತೋನು ಸಿಕ್ಕೋದೇ ಇಲ್ಲ."

ಎಂಬತ್ತಾರರಲ್ಲಿ, ಅಣ್ಣನ ಕ್ಯಾನ್ವಾಸ್ ಶೂಗೆ ಹತ್ತಿ ತುರುಕಿಕೊಂಡು
ಮೂರು ಸಾವಿರ ಮೀಟರಿಗೆ ನಿಂತೆ. ಏಳೂವರೆ ಸುತ್ತು.
ಆರೂವರೆಗೇ ಯಾರೋ ಸೀಟಿ ಊದಿದರು.
ನಿಂತುಬಿಟ್ಟೆ. ಚಪ್ಪಾಳೆ. ಲೋಟದಲ್ಲಿ ನೀರು.
ನನ್ನ ಹಿಂದಿದ್ದವಳು ನಿಲ್ಲದೆ ಪಕ್ಕದಲ್ಲೇ ಹಾದುಹೋದಳು.
"ನಿಂದಿನ್ನೊಂದು ಬಾಕಿ ಇತ್ತಲ್ಲವ್ವ" ಅಂದರು ಎಣಿಸುವವರು
ಎಲೆಗೆ ಸುಣ್ಣ ಸವರುತ್ತ.

ಮೂವತ್ತೊಂದು ವರ್ಷ ಪಿ.ಟಿ. ಟೀಚರಾಗಿದ್ದೆ.
ಎಷ್ಟು ಮಕ್ಕಳನ್ನು ಓಡಿಸಿದರೂ
ಆ ಬಾಕಿಗೆ ಯಾವುದೂ ಜಮೆಯಾಗಲಿಲ್ಲ.

ಅಗೋ, ಹರಿಯಾಣದ ಹುಡುಗಿಗೆ ಗಂಟೆ ಹೊಡೆದಾಯಿತು,
ಗೆದ್ದಾಯಿತು, ಕ್ಯಾಮೆರಾದವರು ಅತ್ತ ಓಡಿದ್ದಾಯಿತು.
ಎರಡನೆಯವಳು, ಮೂರನೆಯವಳು, ಹತ್ತನೆಯವಳು.
ಪೆವಿಲಿಯನ್ನಿನ ಹಿಂದೆ ಬಜ್ಜಿಯ ಎಣ್ಣೆ ಕಾಯುತ್ತಿದೆ.
ಟ್ರ್ಯಾಕಿನಲ್ಲಿ ಉಳಿದವಳು ಒಬ್ಬಳು,
ನಾಲ್ಕುನೂರಾ ಹದಿನೇಳು, ಫುಲಮನಿ ಕೆರ್ಕೆಟ್ಟಾ, ಝಾರ್ಖಂಡ್.
ನನ್ನ ಹಾಳೆಯವಳು.
ಎದೆಯ ನಂಬರಿನ ಒಂದು ಪಿನ್ನು ಕಳಚಿ ಪಟಪಟ ಬಡಿಯುತ್ತಿದೆ.

"ಗಂಟೆ ಕೊಡಿ ಸಣ್ಣಮ್ಮ ಮೇಡಂ" ಅಂದ ಯೋಗಾನಂದ,
"ಸ್ಕೂಲಿಗೆ ವಾಪಸ್ ಕೊಡ್ಬೇಕಂತೆ, ಊಟದ ಬೆಲ್ಲಿಗೆ.
ಹರ್ಡಲ್ಸ್ ಬೇರೆ ಇಡ್ಬೇಕು."
ಎಂಟನೆಯ ಲೇನಿನಿಂದ ಇಡುತ್ತ ಇಡುತ್ತ
ಎರಡನೆಯದರ ತನಕ ಬಂದು ಹುಡುಗರು ಕೈಕಟ್ಟಿ ನಿಂತಿದ್ದರು,
ಮದುವೆ ಮನೆಯಲ್ಲಿ ಕೊನೆಯ ಪಂಕ್ತಿ ಏಳಲೆಂದು ಕಾಯುವವರಂತೆ.
ಕೊಡಲಿಲ್ಲ.

ಅವಳು ಬಂದಳು. ನನ್ನ ಮುಖ ನೋಡಿದಳು.
ನನಗೆ ಅವಳ ಭಾಷೆಯ ಹೆಸರೂ ತಿಳಿಯದು.
ಎರಡು ಬೆರಳು ತೋರಿಸಿದೆ.
ನಂಬಲೋ ಬೇಡವೋ ಎಂಬಂತೆ ತಲೆಯಾಡಿಸಿ ತಿರುವಿಗೆ ಹೋದಳು.
ಆ ನೋಟ ನನ್ನದೇ. ಎಲ್ಲಿ ಬೇಕಾದರೂ ಗುರುತು ಹಿಡಿದೇನು.

ಮತ್ತೆ ಬಂದಾಗ ಗಂಟೆ ಹೊಡೆದೆ.
ಎರಡು ಕೈಯಲ್ಲಿ ಹಿಡಿದು, ಮೊದಲನೆಯವಳಿಗಿಂತ ಜೋರಾಗಿಯೇ ಹೊಡೆದೆ.
ಬಜ್ಜಿ ಕೈಯಲ್ಲಿದ್ದವರು ತಿರುಗಿದರು.
"ಯಾರಿಗ್ರೀ ಇದು?" ಅಂದರು ಮೈಕಿನವರು, ಮೈಕು ಆರಿಸದೆ.
ಹರ್ಡಲ್ಸಿನ ಹುಡುಗಿಯರಲ್ಲಿ ಒಬ್ಬಳು ಮುಂದೆ ಬಂದು
ಒಂದನೆಯ ಲೇನಿಗೆ ಚಾಚಿಕೊಂಡಿದ್ದ ಹರ್ಡಲಿನ ಕಾಲನ್ನು
ಸದ್ದಿಲ್ಲದೆ ಒಂದು ಗೇಣು ಆಚೆ ಸರಿಸಿದಳು.

ಮುಗಿಸಿದ ಮೇಲೆ ಫುಲಮನಿ ನೀರಿಗೆ ಹೋಗಲಿಲ್ಲ.
ನೇರ ನನ್ನ ಕುರ್ಚಿಗೆ ಬಂದು, ಬಗ್ಗಿ,
ಹಾಳೆಯ ಮೇಲೆ ಬೆರಳಿಟ್ಟು ತಾನೇ ಎಣಿಸತೊಡಗಿದಳು,
ತುಟಿಯೊಳಗೆ, ಅವಳ ಭಾಷೆಯಲ್ಲಿ, ಕಟ್ಟು ಕಟ್ಟಾಗಿ.
ನಾನು ಉಸಿರು ಬಿಗಿಹಿಡಿದು ಕೂತಿದ್ದೆ, ಪರೀಕ್ಷೆಗೆ ಕೂತವಳಂತೆ.
ಗದ್ದದಿಂದ ಒಂದು ಹನಿ ಬೆವರು ಬಿದ್ದು
ಹದಿನೆಂಟನೆಯ ಗೀಟು ಕದಡಿತು.

ಐದು ಕಟ್ಟು. ಸರಿಯಿತ್ತು.
ಕದಡಿದ್ದನ್ನು ತಿದ್ದಲು ಹೋಗಲಿಲ್ಲ.
ಕೆಳಗೆ ಸಹಿ ಹಾಕಿ, ಗಂಟೆಯನ್ನು ಯೋಗಾನಂದನ ಕೈಗಿತ್ತೆ.