ತುಟಿ ಕೂಡುವ ಜಾಗ

ಅಂಧೇರಿಯ ಒಂದು ನೆಲಮಾಳಿಗೆ. ಗೋಡೆಗೆಲ್ಲ ಬೂದು ಸ್ಪಂಜು.
ಒಳಗೆ ಬಂದ ಸದ್ದು ಅಲ್ಲೇ ಸಾಯುತ್ತದೆ,
ಟೇಕಿನ ಹೊತ್ತಿಗೆ ಎ.ಸಿ. ಕೂಡ ಉಸಿರು ಬಿಗಿಹಿಡಿಯಬೇಕು.
ಪರದೆಯ ಮೇಲೆ ಒಹಾಯೋದ ಯಾವುದೋ ಅಡುಗೆಮನೆ,
ಹೊಗೆ, ಓಡುವ ನಾಯಿ, ಅಳಿಯನ ಕೈಯಲ್ಲಿ ತಟ್ಟೆ,
ತಟ್ಟೆಯಲ್ಲಿ ಕರಕಲಾದ ಹಕ್ಕಿ, ಕೂಸಿನಷ್ಟು ದಪ್ಪ.

ಅದರ ಹೆಸರು ಟರ್ಕಿ. ನಮ್ಮವರಿಗೆ ಅದೊಂದು ದೇಶ.
ಪನೀರ್ ಎಂದು ಬರೆದುಬಿಡೋಣವೆಂದರೆ
ಕಾಲು ಮೇಲೆತ್ತಿ ಮಲಗಿದೆ ಪರದೆ ತುಂಬ, ಮುಚ್ಚುವುದೆಲ್ಲಿ?
ಕೋಳಿ ಎಂದೆ. ‘ಇಷ್ಟು ದೊಡ್ಡದೇ?’ ಎಂದಳು ರೋಷನ್ ಮಿಸ್ತ್ರಿ;
‘ಇರಲಿ, ಅಲ್ಲಿ ಎಲ್ಲವೂ ದೊಡ್ಡದೇ’ ಎಂದವಳೂ ಅವಳೇ.

ನನಗೆ ಬೇಕಿದ್ದದ್ದು ಅರ್ಥವಲ್ಲ, ತುಟಿ.
ಮಾವ ಹಕ್ಕಿಯನ್ನು ನೋಡುತ್ತಾನೆ, ಏನೋ ಅನ್ನುತ್ತಾನೆ,
ಮಾತಿನ ಕೊನೆಗೆ ತುಟಿ ಕೂಡುತ್ತವೆ
ಕ್ಲೋಸಪ್ಪಿನಲ್ಲಿ, ಮರೆಮಾಡಲು ಮೀಸೆಯೂ ಇಲ್ಲ.
ಅಲ್ಲಿ ನನಗೊಂದು ಪ ಬೇಕು, ಇಲ್ಲವೇ ಬ, ಮ.
ಮೂರು ದಿನ ಲೋಕಲ್ ರೈಲಿನಲ್ಲಿ ಜೋತುಬಿದ್ದು
ಬಾಯಿ ತೆರೆದು ಮುಚ್ಚಿ ತೆರೆದು ಮುಚ್ಚಿ ನೋಡಿದೆ;
ಎದುರಿನ ಹೆಂಗಸೊಬ್ಬಳು ಸೀಟು ಬದಲಿಸಿದಳು.
ಕಬಾಬ್? ಖರಾಬ್? ಸಲಾಮ್?
ಬಾಂದ್ರಾದಲ್ಲಿ ಸಿಕ್ಕಿತು, ಗಾಡಿ ನಿಂತ ಜರ್ಕಿಗೆ:
ದಾವತ್ ಹೈ ಯಾ ಮಾತಮ್?
ಔತಣವೋ, ಸೂತಕವೋ.
ತುಟಿ ಕೂಡಿತು. ಜೋಕು ಹಾಗೂ ಹೀಗೂ ಬದುಕಿತು.

ಇಮ್ದಾದ್ ಅಲಿ ಮೈಕಿನ ಮುಂದೆ ನಿಂತರು.
ಹನ್ನೊಂದು ವರ್ಷದಿಂದ ಆ ದಪ್ಪ ಮನುಷ್ಯನ ಬಾಯಿ ಇವರದು.
ಅವನು ಬೈದರೆ ಇವರೇ ಬೈಯಬೇಕು, ಬಿಕ್ಕಳಿಸಿದರೆ ಇವರೇ,
ಅವನು ಬರ್ಗರ್ ಕಚ್ಚಿದರೆ ಇವರು ಒಣ ಬಿಸ್ಕತ್ತು ಅಗಿಯಬೇಕು.
ಅವನಿಗೆ ಇವರ ಹೆಸರು ಗೊತ್ತಿಲ್ಲ.
ಸಂಜೆಗೆ ದಿನಗೂಲಿ, ವೋಚರಿಗೆ ಸಹಿ.

ಮಾತು ಎರಡನೇ ಟೇಕಿಗೇ ಕೂತಿತು. ಉಳಿದದ್ದು ನಗು.
ಅವನ ನಗುವನ್ನೇ ಹಾಗೇ ಬಿಡಬಾರದೇ ಎಂದೆ ನಾನು.
‘ಆಗಲ್ಲ,’ ಗಾವ್ಡೆ, ಗಾಜಿನಾಚೆಯಿಂದ,
‘ಮಾತು ತೆಗೆದರೆ ಅದರ ಜೊತೆ ನಗುವೂ ಹೋಗುತ್ತೆ.
ನಮ್ಮ ಪಾಲಿಗೆ ಬಂದಿರೋದು ನಾಯಿ, ತಟ್ಟೆ, ಬಾಗಿಲ ಸದ್ದು.’

ಇಮ್ದಾದ್ ಅಲಿ ಕಣ್ಣು ಮುಚ್ಚಿದರು. ಮುಚ್ಚಬಾರದು, ಪರದೆ ನೋಡಬೇಕು.
ಮೊದಲು ಒಂದು ಕೆಮ್ಮು. ಆಮೇಲೆ ಮೌನ,
ತಿರುಗುವ ಸಾಣೆಗೆ ಅಲಗು ತಾಗುವ ಮೊದಲಿನಂಥದು.
ಆಮೇಲೆ ಮೂಗಿನಿಂದ, ಸಣ್ಣಗೆ, ಕಿಡಿ ಕಿಡಿಯಾಗಿ.
ಗಾವ್ಡೆ ಹೆಬ್ಬೆರಳೆತ್ತಿದ.

ದೀಪಾವಳಿಗೆ ಟ್ರೇಲರ್ ಬಂತು.
ರಾಮ್‌ಪುರದ ಚಾಕು ಬಜಾರಿನಲ್ಲಿ, ಚಹಾ ಅಂಗಡಿಯ ಟೀವಿಯಲ್ಲಿ
ಬಿಳಿಯನೊಬ್ಬ ನಕ್ಕನಂತೆ.
ಎದುರಿನ ಅಂಗಡಿಯ ಶಫೀಕ್ ಚಾಚಾ ಸಾಣೆ ನಿಲ್ಲಿಸಿ
ಕೈಯ ಚಾಕುವಿನೊಡನೇ ರಸ್ತೆ ದಾಟಿ ಬಂದು
‘ಇದು ನಮ್ಮ ಅಬ್ಬನ್‌ದು’ ಅಂದರಂತೆ, ‘ಇವನಿಗೆ ಹೇಗೆ ಸಿಕ್ಕಿತು?’
ಅಬ್ಬನ್ ತೀರಿಕೊಂಡು ಆರು ವರ್ಷ.
ಮಣ್ಣಿಗೆ ಹೋಗಲು ಮಗನಿಗೆ ಆಗಿರಲಿಲ್ಲ,
ಅವತ್ತು ಕಾರ್ಟೂನಿನ ಕರಡಿಯೊಂದು ಮಾತಾಡಲೇಬೇಕಿತ್ತು.

ಇಷ್ಟನ್ನೂ ಇಮ್ದಾದ್ ಹೇಳಿದ್ದು ಸ್ಟುಡಿಯೋ ಮೆಟ್ಟಿಲು ಹತ್ತುತ್ತ.
ಹನ್ನೆರಡು ಮೆಟ್ಟಿಲು. ಮೇಲೆ ಬೀದಿಯ ಗದ್ದಲ, ಅವರ ರಿಕ್ಷಾ.

ರಾತ್ರಿ ಹಳೇ ಸ್ಕ್ರಿಪ್ಟು ಹುಡುಕಿ ತೆಗೆದೆ.
ಮಾತಮ್ ಪಕ್ಕದಲ್ಲಿ, ಕಂಸದೊಳಗೆ, ನನ್ನದೇ ಕೈಬರಹ:
ನಗು. ಎರಡೂವರೆ ಸೆಕೆಂಡು.