ಹನ್ನೊಂದರ ನೀರು

ದವಾಖಾನಿ ಡಾಕ್ಟರು ಅಂದಿದ್ದಿಷ್ಟ:
ದ್ಯಾಮವ್ವ, ಕಿಡ್ನ್ಯಾಗ ಹರಳ ಅದಾವು, ನೀರು ಕುಡಿ.
ತಂಗಿ ಮಗ ಈರಪ್ಪ ಫೋನಿಗೊಂದು ಆ್ಯಪ್ ಹಾಕಿಕೊಟ್ಟ.
ಇಲ್ಲಿ ಬೆರಳಿಡು ಅಂದ, ಇಟ್ಟೆ.
ಏಳು ದಿನ ಪುಕ್ಕಟೆ, ಆಮ್ಯಾಲ ತಗದ್ರಾತು ಅಂದ.
ಆಮ್ಯಾಲ ಅವ ರಾಣೇಬೆನ್ನೂರಿಗೆ ಹ್ವಾದ,
ಏಳು ದಿನ ತಮ್ಮಷ್ಟಕ್ಕ ತಾವ ಹ್ವಾದವು.

ಬ್ಯಾಡಗಿ ಮೆಣಸಿನಕಾಯಿ ರಾಶಿ ಮುಂದ
ಒಂಬತ್ತು ಮಂದಿ ಸಾಲಾಗಿ ಕುಂತು ತುಂಬು ಮುರೀತೀವಿ,
ಕಿಲೋಕ್ಕ ಹನ್ನೆರಡು ರೂಪಾಯಿ.
ಮೂಗಿಗೆ ಸೆರಗು, ಕೈಗೆ ಎಣ್ಣಿ.
ಸೀನು ಬಂದ್ರ ಒಬ್ಬಾಕಿಗೆ ಬರಂಗಿಲ್ಲ, ಸಾಲಿಗೇ ಬರತೈತಿ.
ಅದರಾಗ ಹನ್ನೊಂದಕ್ಕ, ಒಂದಕ್ಕ, ಮೂರಕ್ಕ
ನನ್ನ ಉಡಿಯಾಗಿಂದ ಗುಳುಗುಳು ಸಪ್ಪಳ,
ಹಿಂದ ಒಬ್ಬಾಕಿ ಹುಡುಗಿ ನಾಜೂಕಾಗಿ ಅಂತಾಳ:
"ನೀರು ಕುಡಿಯುವ ಸಮಯವಾಯಿತು."
ಎಲ್ಲಾರೂ ನಕ್ಕಿದ್ದು ಒಂದು ವಾರ.

ಬ್ಯಾಂಕಿನ ಮೆಸೇಜ್ ಓದಾಕ ಬರಂಗಿಲ್ಲ ಅಂತಲ್ಲ,
ಓದಿ ಏನು ಮಾಡೂದು ಅಂತ ಬಿಟ್ಟಿದ್ದೆ.
ಗ್ಯಾಸಿಗೆ ರೊಕ್ಕ ಕಡಿಮಿ ಬಿದ್ದ ದಿನ ನೋಡಿದ್ರ
ಇನ್ನೂರಾ ತೊಂಬತ್ತೊಂಬತ್ತು, ಎರಡು ಸಲ.
ನೀರು ಕುಡಿ ಅನ್ನಾಕ ಇಪ್ಪತ್ತೈದು ಕಿಲೋ ತುಂಬು!
ನಮ್ಮ ಓಣಿ ನಳಕ್ಕ ಎಂಟು ದಿನಕ್ಕೊಮ್ಮೆ ನೀರು ಬರತೈತಿ,
ಅದೂ ಇಷ್ಟು ಪಗಾರ ಕೇಳಂಗಿಲ್ಲ.

ರೇಷನ್ ಅಂಗಡಿ ಮಷೀನು ನನ್ನ ಹೆಬ್ಬಟ್ಟು ಒಪ್ಪಂಗಿಲ್ಲ,
ಮೆಣಸಿನಕಾಯಿ ಗೆರಿ ತಿಂದೈತಿ.
ಒರಸು, ಮತ್ತ ಒತ್ತು, ಇನ್ನೊಂದು ಕೈ,
ನಾಳೆ ಬಾ.
ಈ ಆ್ಯಪಿಗೆ ಮಾತ್ರ ಒಂದ ಸಲಕ್ಕ ಗುರುತು ಸಿಕ್ಕೈತಿ:
ಹೌದು, ಇಕಿನ ದ್ಯಾಮವ್ವ, ರೊಕ್ಕ ಎತ್ತು.

ಹಮಾಲ ಖಾದರಸಾಬನ ಮಗಳು ಅಫ್ರೀನ್, ಒಂಬತ್ತನೇತ್ತೆ,
ಸಾಲಿ ಬಿಟ್ಟು ಬರೂವಾಗ ದಲಾಲಿ ಅಂಗಡಿ ಕಟ್ಟಿ ಮ್ಯಾಲ ಕುಂದ್ರಿಸಿಕೊಂಡೆ.
ಆ ಚಿತ್ರ ಅಳಿಸಿಬಿಡವಾ ಅಂದೆ.
"ಅದು ತೊಪ್ಪಲ ಅಷ್ಟ ಬೇ, ಕರಿಕಿ ಬೇರು ಬ್ಯಾರೆ ಕಡೆ ಐತಿ."
ಸ್ಟೋರಿನ ಒಳಗ, ಅದರ ಒಳಗ, ಇನ್ನೂ ಒಳಗ
ಬೆರಳಿಟ್ಟು ಇಳದ್ಲು.
"ಮುಂದುವರಿಸಿ" ಅನ್ನೂದು ಹಸರು, ಅಂಗೈಯಷ್ಟು.
"ರದ್ದು" ಅನ್ನೂದು ಬೂದಿ ಬಣ್ಣ, ಹೇನಿನಷ್ಟು.
ಒತ್ತಿದ್ರ ಕೇಳತೈತಿ: ಖಂಡಿತಾ ಹೋಗ್ತೀರಾ?
ಮತ್ತ ಒತ್ತಿದ್ರ: ಅರ್ಧ ರೇಟಿಗೆ ಕೊಡ್ತೀವಿ, ಇರ್ರಿ.
ಸೀರಿ ಅಂಗಡಿಯಾವ ಮೆಟ್ಟಲಾ ಇಳದ ಮ್ಯಾಲ ಕರೀತಾನಲ್ಲ, ಹಂಗ.
ಅಂಥವರಿಗೆ ನಾನು ತಿರುಗಿ ನೋಡಿದಾಕೆಲ್ಲ.
ಒತ್ತವ್ವಾ.

ರೊಕ್ಕ ವಾಪಸ್ ಕೇಳಾಕ ಕಾರಣ ಆರಿಸಬೇಕಂತ.
ಮಕ್ಕಳು ಒತ್ತಿದರು. ಮನಸ್ಸು ಬದಲಾಯಿತು. ಗೊತ್ತಿಲ್ಲದೆ ಆಯಿತು.
ಎಂಟು ದಿನದ ನಳದ ಸುದ್ದಿ ಅದರಾಗ ಇರಲಿಲ್ಲ.
"ಗೊತ್ತಿಲ್ಲದೆ" ಅನ್ನೂದನ್ನ ಒತ್ತಿದ್ಲು.
ಖರೇ ಆದ್ರೂ ನಂಗ ಸ್ವಲ್ಪ ನಾಚಿಕಿ ಬಂತು.

ನಾಕು ದಿನಕ್ಕ ಒಂದು ತಿಂಗಳದ್ದು ಬಂತು.
ಹಳೇದಕ್ಕ ಗಡುವು ದಾಟೈತಂತ, ಬರಂಗಿಲ್ಲಂತ.
ಇರಲಿ.
ಅಫ್ರೀನಗ ಒಂದು ಪೆನ್ನು, ಒಂದು ಪ್ಲೇಟು ಗಿರಮಿಟ್ಟು.

ಮರುದಿನ ಹನ್ನೊಂದಕ್ಕ
ಫೋನು ಸುಮ್ಮನ ಕುಂತಿತ್ತು.
ರಾಶಿ ಮ್ಯಾಲಿನ ಕೈ ಒಂದೊಂದ ನಿಂತವು.
ಸಾಂವಕ್ಕ ನನ್ನ ಉಡಿ ನೋಡಿದ್ಲು,
ಆಚಿ ತುದಿಗೆ ಹುಲಿಗೆವ್ವ ಕೊಡದ ಕಡೆ ನೋಡಿದ್ಲು.
ಆವಾಗ ತಿಳೀತು,
ಆ ಹುಡುಗಿ ಕೂಗಿದಾಗೊಮ್ಮೆ ಸಾಲಿಗೆ ಸಾಲ ಎದ್ದಿದ್ವಿ,
ಡಾಕ್ಟರ ಫೋನು ಅಂತ ಮುಕಾದಮನೂ ಬಾಯಿ ಬಿಚ್ಚತಿರಲಿಲ್ಲ.
ಆ ರೊಕ್ಕಕ್ಕ ನಾನು ಕೊಂಡಿದ್ದು ಏನಂತ
ಲೆಕ್ಕ ಹಾಕಾಕ ಕುಂತಿದ್ರ ಮಧ್ಯಾಹ್ನ ಆಕ್ಕಿತ್ತು.

ಎದ್ದೆ. ಕೊಡದ ಮುಚ್ಚಳಾ ತಗದೆ.
"ಏ ದ್ಯಾಮವ್ವ, ಫೋನು ಬಡೀಲಿಲ್ಲಲ್ಲ?" ಅಂದ ಮುಕಾದಮ.
"ಸೈಲೆಂಟಿನಾಗ ಇಟ್ಟೇನ್ರಿ."
ಬೆನ್ನಿಂದ ಆಗಲೇ ಎಂಟು ಮಂದಿ ಸೀರಿ ಝಾಡಿಸಿದ ಸಪ್ಪಳ.